ಶ್ನಿತ್ಸೆಲ್ ಎಂದರೆ ನಮ್ಮ ಪೋಡಿ

ಮಗಳಿಗೆ ಆಗ ಐದು ವರ್ಷ. ಜರ್ಮನಿಯ ಸ್ಟುಟ್‌ಗಾರ್ಟಿನಲ್ಲಿ ನಾವಿದ್ದ ಬಾಡಿಗೆ ಮನೆಯ ಅಂಚೆ ಡಬ್ಬಿಯಲ್ಲಿ ಒಂದು ದಿನ ಅವಳ ಹೆಸರಿಗೇ ಕಾರ್ಡು ಬಂತು. ಶಿಶುವಿಹಾರದ ಗೆಳತಿಯ ಹುಟ್ಟುಹಬ್ಬದ ಕರೆ. ಶನಿವಾರ ಮಧ್ಯಾಹ್ನ ಮೂರಕ್ಕೆ, ಕಾಡಿನ ಅಂಚಿನ ಆಟದ ಬಯಲಿಗೆ ಬರಬೇಕು ಅಂತ ಇತ್ತು. ಅದರ ಕೆಳಗೆ ಬಣ್ಣದ ಪೆನ್ಸಿಲಿನಲ್ಲಿ ದೊಡ್ಡದಾಗಿ ಇನ್ನೊಂದು ಪದ: ಶ್ನಿತ್ಸೆಲ್‌ಯಾಗ್ಟ್.

ಯಾಗ್ಟ್ ಅಂದರೆ ಬೇಟೆ. ಶ್ನಿತ್ಸೆಲ್ ಅಂದರೆ ತೆಳ್ಳಗೆ ಬಡಿದು, ಬ್ರೆಡ್ಡಿನ ಪುಡಿಯಲ್ಲಿ ಹೊರಳಿಸಿ ಕರಿದ ಮಾಂಸ. ಅಷ್ಟು ಜರ್ಮನ್ ನನಗೆ ಆಗ ಬರುತ್ತಿತ್ತು. ನಮ್ಮದು ಮೀನು ಮಾಂಸ ತಿನ್ನದ ಮನೆ. ಮಗು ಅಲ್ಲಿ ಹೋಗಿ ಎಂಥ ತಿಂದೀತು, ಏನೂ ತಿನ್ನದೆ ಒಬ್ಬಳೇ ಕೂತಾಳೇ ಎಂಬ ಚಿಂತೆ ಹತ್ತಿತು. ಕಾರ್ಡು ಹಿಡಿದುಕೊಂಡು ಕೆಳಮನೆಗೆ ಇಳಿದೆ. ಅಲ್ಲಿ ಎಂಬತ್ತು ದಾಟಿದ ಒಬ್ಬ ಅಜ್ಜಿ ಇದ್ದರು. ಹುಟ್ಟಿದ್ದು ಆಸ್ಟ್ರಿಯಾದ ವಿಯೆನ್ನಾದಲ್ಲಿ, ಮದುವೆಯಾಗಿ ಬಂದದ್ದು ಸ್ಟುಟ್‌ಗಾರ್ಟಿಗೆ. ಮಗಳು ಅವರನ್ನು ಓಮಾ ಅನ್ನುತ್ತಿದ್ದಳು, ನಾವು ಮನೆಯೊಳಗೆ ಅಜ್ಜಿ ಅಂತಲೇ ಹೇಳುತ್ತಿದ್ದೆವು.

ಅಜ್ಜಿ ಕಾರ್ಡು ಓದಿದರು. ಮೇಜಿನ ಮೇಲಿದ್ದ ಹಳೇ ಪೇಪರು ಎಳೆದುಕೊಂಡು ಕತ್ತರಿಯಲ್ಲಿ ಉದ್ದಕ್ಕೆ ಕತ್ತರಿಸಿ, ಆಮೇಲೆ ಅಡ್ಡಕ್ಕೆ ಕತ್ತರಿಸಿ, ಬೊಗಸೆಯಷ್ಟು ಚೂರು ಮಾಡಿ ನನ್ನ ಅಂಗೈಯಲ್ಲಿಟ್ಟರು. "ತಗೋ, ಇದೂ ಶ್ನಿತ್ಸೆಲ್" ಅಂದರು. ಒಬ್ಬರು ಮುಂದೆ ಓಡುತ್ತಾ ದಾರಿಯುದ್ದಕ್ಕೂ ಕಾಗದದ ಚೂರು ಉದುರಿಸಿಕೊಂಡು ಹೋಗುತ್ತಾರೆ, ಹಿಂದಿನಿಂದ ಮಕ್ಕಳು ಆ ಗುರುತು ಹಿಡಿದು ಹುಡುಕುತ್ತಾ ಬರುತ್ತಾರೆ. ಆಟದ ಹೆಸರೇ ಅದು, ಚೂರಿನ ಬೇಟೆ.

ಮಗಳು ಆಟಕ್ಕೆ ಹೋಗಿ ಕೆನ್ನೆ ಕೆಂಪಾಗಿಸಿಕೊಂಡು ಬಂದಳು. ನನ್ನ ತಲೆಯಲ್ಲಿ ಮಾತ್ರ ಆ ಕಾಗದದ ಚೂರುಗಳು ಉಳಿದುಹೋದವು. ಮಾಂಸದ ಹೆಸರು ಎಂದುಕೊಂಡಿದ್ದ ಪದದಲ್ಲಿ ಮಾಂಸವೇ ಇಲ್ಲ ಅಂತಾದರೆ ಅದರಲ್ಲಿ ಏನಿದೆ?

ಅದರಲ್ಲಿರುವುದು ಕತ್ತಿ. ಜರ್ಮನ್‌ನಲ್ಲಿ ಶ್ನೈಡನ್ ಅಂದರೆ ಕತ್ತರಿಸು. ಬಟ್ಟೆ ಕತ್ತರಿಸುವ ದರ್ಜಿ ಅದರಿಂದಲೇ ಶ್ನೈಡರ್ ಆದ. ಅದೇ ಬೇರಿನ ಶ್ನಿತ್ಸನ್ ಅಂದರೆ ಮರವನ್ನು ಕೆತ್ತು. ಕತ್ತರಿಸಿದಾಗ ಬರುವ ಒಂದು ತುಂಡು ಶ್ನಿತ್ಸ್. ಕೊನೆಗೆ ಒಂದು ಎಲ್ ಸೇರಿದರೆ ತುಂಡು ಪುಟ್ಟದಾಗುತ್ತದೆ, ಶ್ನಿತ್ಸೆಲ್. ಪುಟ್ಟ ಹೋಳು, ಅಷ್ಟೇ. ಯಾವುದರ ಹೋಳು ಅಂತ ಪದ ಹೇಳುವುದೇ ಇಲ್ಲ.

ಹೋಳು ಅಂತ ಬರೆದೆ. ಬಹಳ ಹುಡುಕಿದ ಮೇಲೆ ಸಿಕ್ಕಿದ ಪದ ಅದು. ತುಂಡು ಅಂದರೆ ಮುರಿದದ್ದೂ ಆದೀತು, ಚೂರು ಅಂದರೆ ಒಡೆದದ್ದೂ ಆದೀತು. ಹೋಳು ಮಾತ್ರ ಕತ್ತಿಯೋ ಮೆಟ್ಟುಗತ್ತಿಯೋ ಹಿಡಿದ ಕೈಯಿಂದಲೇ ಬರುವಂಥದ್ದು. ಮಜ್ಜಿಗೆ ಹುಳಿಗೆ ಬೂದುಗುಂಬಳದ ಹೋಳು, ಉಪ್ಪಿನಕಾಯಿಗೆ ಮಾವಿನ ಹೋಳು. ಸ್ಟುಟ್‌ಗಾರ್ಟ್ ಇರುವ ಶ್ವಾಬಿಯಾ ಸೀಮೆಯಲ್ಲಿ ಸೇಬಿನ ಹೋಳಿಗೆ ಇವತ್ತಿಗೂ ಶ್ನಿತ್ಸ್ ಅಂತಲೇ ಹೇಳುವುದು. ಅಲ್ಲಿನ ಊರಿನದೇ ಒಂದು ಅಡುಗೆಯಿದೆ, ಗೈಸ್‌ಬುರ್ಗರ್ ಮಾರ್ಷ್ ಅಂತ. ಮಾಂಸದ ಸಾರಿನಲ್ಲಿ ಆಲೂಗಡ್ಡೆಯ ಹೋಳು ಮತ್ತು ಶ್ಪೆತ್ಸ್‌ಲೆ ಎಂಬ ಹಿಟ್ಟಿನ ಎಳೆ. ಅದರ ಇನ್ನೊಂದು ಹೆಸರಿನಲ್ಲಿ ಆಲೂಗಡ್ಡೆಯ ಶ್ನಿತ್ಸ್ ಹಾಗೇ ಕೂತಿದೆ.

ನಮ್ಮ ನಾಲಿಗೆಗೆ ಈ ಪದ ಕಷ್ಟವೂ ಅಲ್ಲ. ವಿಷ್ಣು, ಕೃಷ್ಣ ಅಂತ ಹೇಳಿ ಪಳಗಿದ ಬಾಯಿಗೆ ಶ್ನಿ ಎಷ್ಟರ ಮಾತು? ಉತ್ಸವದ ತ್ಸ ಕೊನೆಗೆ ಇದ್ದೇ ಇದೆ. ಇನ್ನೊಂದು ಸಂಗತಿಯೂ ನನಗೆ ಹತ್ತಿರದ್ದು ಅನ್ನಿಸಿತು. ಒಂದು ಶ್ನಿತ್ಸೆಲ್, ಎರಡು ಶ್ನಿತ್ಸೆಲ್, ಹತ್ತು ಶ್ನಿತ್ಸೆಲ್. ಬಹುವಚನದಲ್ಲಿ ರೂಪ ಬದಲಾಗುವುದಿಲ್ಲ. ನಾವೂ ಎರಡು ಹೋಳು ಹಾಕು ಅನ್ನುತ್ತೇವೆ. ಹೋಳುಗಳನ್ನು ಹಾಕು ಅಂತ ಅಡುಗೆಮನೆಯಲ್ಲಿ ಯಾರೂ ಹೇಳಿದ್ದು ನಾನು ಕೇಳಿಲ್ಲ.

ಕಿವಿ ತೆರೆದ ಮೇಲೆ ಎಲ್ಲೆಲ್ಲೂ ಅದೇ ಪದ. ಹಳ್ಳಿಯ ಕಡೆ ರೈಲಿನಲ್ಲಿ ಹೋಗುವಾಗ ಕಾಣುವ ಮರದ ಚಕ್ಕೆಯ ರಾಶಿ ಹಾಕ್‌ಶ್ನಿತ್ಸೆಲ್. ಅದನ್ನು ಬಾಯ್ಲರಿಗೆ ಹಾಕಿ ಚಳಿಗಾಲದಲ್ಲಿ ಮನೆ ಬೆಚ್ಚಗಿಡುತ್ತಾರೆ. ಸಕ್ಕರೆ ಕಾರ್ಖಾನೆಯಲ್ಲಿ ಬೀಟು ಗೆಡ್ಡೆಯನ್ನು ಎಳೆ ಎಳೆಯಾಗಿ ಕೊಚ್ಚಿ ಬಿಸಿ ನೀರಿನಲ್ಲಿ ಸಿಹಿ ಬಸಿಯುತ್ತಾರೆ. ಆ ಎಳೆಯೂ ಶ್ನಿತ್ಸೆಲ್, ಸಿಹಿ ಹೋದ ಮೇಲೆ ಒಣಗಿಸಿ ದನಕ್ಕೆ ಹಾಕುವ ಹಿಂಡಿಯೂ ಶ್ನಿತ್ಸೆಲ್. ಮಗಳ ಜಿಮ್ನಾಸ್ಟಿಕ್ಸ್ ತರಗತಿಯಲ್ಲಿ ಮೇಲಿಂದ ಹಾರಿದವರು ಬೀಳಲೆಂದು ಸ್ಪಂಜಿನ ತುಂಡು ತುಂಬಿದ ಹೊಂಡವಿತ್ತು, ಅದಕ್ಕೂ ಶ್ನಿತ್ಸೆಲ್ ಹೊಂಡ ಅಂತಲೇ ಹೆಸರು.

ಹಾಗಾದರೆ ಬರೀ ಹೋಳು ಎಂಬ ಪದ ಕರಿದ ತಿಂಡಿಯ ಹೆಸರಾದದ್ದು ಹೇಗೆ? ಇದರ ಉತ್ತರ ನನಗೆ ಸಿಕ್ಕಿದ್ದು ಅಜ್ಜಿಯ ಅಡುಗೆಮನೆಯಲ್ಲಿ.

ಭಾನುವಾರ ಹನ್ನೊಂದು ಗಂಟೆಯ ಹೊತ್ತಿಗೆ ಕೆಳಗಿನಿಂದ ಟಪ್ ಟಪ್ ಅಂತ ಸದ್ದು ಬರುತ್ತಿತ್ತು. ಅಜ್ಜಿ ಮಾಂಸ ಬಡಿಯುವ ಸದ್ದು. ತಾನು ಚಿಕ್ಕವಳಿದ್ದಾಗ ವಿಯೆನ್ನಾದ ವಠಾರದಲ್ಲಿ ಭಾನುವಾರ ಮನೆಮನೆಯಿಂದ ಈ ಸದ್ದು ಬರುತ್ತಿತ್ತು, ಯಾರ ಮನೆಯಿಂದ ಬರಲಿಲ್ಲವೋ ಆ ಮನೆಯಲ್ಲಿ ಆ ವಾರ ದುಡ್ಡಿಲ್ಲ ಅಂತ ಎಲ್ಲರಿಗೂ ತಿಳಿಯುತ್ತಿತ್ತು ಅಂತ ಹೇಳುತ್ತಿದ್ದರು. ನನಗೆ ನಮ್ಮೂರಿನ ಕಡೆಯುವ ಕಲ್ಲಿನ ಸದ್ದು ನೆನಪಾಗುತ್ತಿತ್ತು. ಸಂಜೆ ಗುಡುಗುಡು ಕೇಳಿದರೆ ಬೆಳಿಗ್ಗೆ ದೋಸೆಯೋ ಇಡ್ಲಿಯೋ ಅಂತ ಮಕ್ಕಳಾದ ನಮಗೆ ಗೊತ್ತಾಗುತ್ತಿತ್ತಲ್ಲ, ಹಾಗೆ.

ಒಂದು ಭಾನುವಾರ ಅಜ್ಜಿ ನನ್ನನ್ನು ಕರೆದು ನಿಲ್ಲಿಸಿಕೊಂಡು ತೋರಿಸಿದರು. ಅವರದ್ದು ಎಳೆಗರುವಿನ ಮಾಂಸ, 4 ಮಿಲಿಮೀಟರಿನಷ್ಟು ತೆಳ್ಳಗೆ ಬಡಿದದ್ದು. ನನಗೆಂದು ಸೆಲರಿ ಗೆಡ್ಡೆ ತಂದಿದ್ದರು. ನೋಡಲು ನಮ್ಮ ಸುವರ್ಣಗಡ್ಡೆಯ ಹಾಗೆ ಒರಟು, ಮೈಯೆಲ್ಲ ಬೇರು, ಒಳಗೆ ಬೆಳ್ಳಗೆ. ಸಿಪ್ಪೆ ತೆಗೆದು, ಬೇಯಿಸಿ, ಹೋಳು ಮಾಡಿ, ಉಪ್ಪು ನಿಂಬೆ ಸವರಿಟ್ಟಿದ್ದರು. ಇದು ಅವರು ನನಗಾಗಿ ಹುಡುಕಿದ ಅಡುಗೆಯಲ್ಲ. ಜರ್ಮನ್ ಮನೆಗಳಲ್ಲಿ ಸೆಲರಿ ಶ್ನಿತ್ಸೆಲ್ ಹಿಂದಿನಿಂದಲೂ ಇದೆ. ಮೊದಲು ಮೈದಾ, ಆಮೇಲೆ ಮೊಟ್ಟೆ, ಆಮೇಲೆ ಒಣ ಬನ್ನಿನ ಪುಡಿ. ನನ್ನ ಹೋಳುಗಳಿಗೆ ಮೊಟ್ಟೆಯ ಬದಲು ಮೈದಾವನ್ನೇ ನೀರಲ್ಲಿ ಕಲಸಿ ತೆಳ್ಳಗೆ ಮಾಡಿಕೊಟ್ಟರು. ಪುಡಿಯಲ್ಲಿ ಹೊರಳಿಸುವಾಗ ನಾನು ಅಂಗೈಯಿಂದ ಒತ್ತಿದೆ. ಅಜ್ಜಿ ನನ್ನ ಮಣಿಕಟ್ಟು ಹಿಡಿದು ಎತ್ತಿದರು. "ಒತ್ತಬೇಡ. ಅದು ಹೊದ್ದುಕೊಳ್ಳಲಿ, ಅಂಟಿಕೊಳ್ಳಬಾರದು."

ಯಾಕೆಂದರೆ ಒಳ್ಳೆಯ ಶ್ನಿತ್ಸೆಲ್‌ನ ಹೊದಿಕೆ ಮಾಂಸಕ್ಕೆ ಅಂಟಿರುವುದಿಲ್ಲ. ಬಾಣಲೆಯಲ್ಲಿ ತೇಲುವಷ್ಟು ತುಪ್ಪವೋ ಕೊಬ್ಬೋ ಇರಬೇಕು, 170 ಡಿಗ್ರಿಯ ಆಸುಪಾಸು ಕಾಯಿರಬೇಕು, ಕರಿಯುವಾಗ ಬಾಣಲೆಯನ್ನು ಮೆಲ್ಲಗೆ ಆಡಿಸುತ್ತಾ ಬಿಸಿ ತುಪ್ಪ ಮೇಲೆ ಹರಿಯುವಂತೆ ಮಾಡಬೇಕು. ಆಗ ಒಳಗಿನ ನೀರು ಆವಿಯಾಗಿ ಹೊದಿಕೆಯನ್ನು ಮೇಲೆತ್ತುತ್ತದೆ. ಪೂರಿ ಉಬ್ಬಿದ ಹಾಗೆ ಅಲ್ಲ, ಒದ್ದೆ ಸೀರೆ ಗಾಳಿಗೆ ಅಲೆ ಅಲೆಯಾಗಿ ನಿಂತ ಹಾಗೆ. ಒತ್ತಿದರೆ ಆ ಅಲೆ ಏಳುವುದಿಲ್ಲ.

ಆ ಹೊದಿಕೆಗೆ ಆಸ್ಟ್ರಿಯಾದವರು ಹೇಳುವ ಪದ ಕೇಳಿ ನಾನು ಒಂದು ಕ್ಷಣ ಸುಮ್ಮನಾದೆ. ಪಾನೀರ್. ಥೇಟು ನಮ್ಮ ಪನೀರ್‌ನ ಹಾಗೆ ಕೇಳುತ್ತದೆ, ಸಂಬಂಧ ಏನೂ ಇಲ್ಲ. ಅದು ಫ್ರೆಂಚ್ ಮೂಲಕ ಲ್ಯಾಟಿನ್‌ನ ಬ್ರೆಡ್ಡಿನಿಂದ ಬಂದದ್ದು. ಆ ಲ್ಯಾಟಿನ್ ಪದವೇ ಪೋರ್ಚುಗೀಸರ ಬಾಯಲ್ಲಿ ಹೊರಳಿ ಗೋವಾ ಮುಂಬೈ ಕಡೆಯ ಪಾವ್ ಆದದ್ದು. ವಿಯೆನ್ನಾದ ಆಡುಮಾತಿನಲ್ಲಿ ಪಾನೀರ್‌ಗೆ ಇನ್ನೊಂದು ಅರ್ಥವೂ ಇದೆ: ಉಟ್ಟ ಬಟ್ಟೆ. ಮದುವೆಗೋ ಹಬ್ಬಕ್ಕೋ ತೆಗೆದಿಟ್ಟ ಒಳ್ಳೆಯ ಉಡುಪಿಗೆ ಒಂದನೇ ನಂಬರಿನ ಪಾನೀರ್ ಅನ್ನುತ್ತಾರೆ. ಮಗಳು ಪಟ್ಟೆಲಂಗ ಉಟ್ಟು ಕೆಳಗಿಳಿದ ದೀಪಾವಳಿಯ ದಿನ ಅಜ್ಜಿ ಅವಳನ್ನು ನೋಡಿ ಆ ಮಾತು ಹೇಳಿದ್ದರು.

ಆ ರಾತ್ರಿ ಅಮ್ಮನಿಗೆ ಫೋನ್ ಮಾಡಿ ಸೆಲರಿ ಗೆಡ್ಡೆಯ ಕಥೆ ಹೇಳಿದೆ. ಅಮ್ಮ ಕಾರ್ಕಳದ ಹತ್ತಿರದ ನಮ್ಮ ಮನೆಯಲ್ಲೇ ಇರುವವರು. ಹೋಳು ಮಾಡುವುದು, ಹಿಟ್ಟಿನಲ್ಲಿ ಅದ್ದುವುದು, ಪುಡಿಯಲ್ಲಿ ಹೊರಳಿಸಿ ಕರಿಯುವುದು ಅಂತ ನಾನು ವಿವರಿಸುತ್ತಿದ್ದರೆ ಅವರು ನಡುವೆಯೇ ಕೇಳಿದರು. "ಹಾಗಾದ್ರೆ ನಮ್ಮ ಪೋಡಿಯೇ ಅಲ್ವಾ ಮಾರಾಯ್ತಿ? ಹೆಸರು ಒಂದು ಬೇರೆ."

ನಾನು ಹೌದೌದು ಅಂತ ಫೋನಿಟ್ಟೆ. ಮಲಗಿದ ಮೇಲೆ ಮಾತಿನ ಆಳ ಹೊಳೆಯಿತು. ಕರಾವಳಿಯಲ್ಲಿ ಪೋಡಿ ಅಂದರೆ ಜೀಗುಜ್ಜೆ, ಬಾಳೆಕಾಯಿ, ಬದನೆಯ ಹೋಳನ್ನು ಕಡಲೆಹಿಟ್ಟಿನಲ್ಲಿ ಅದ್ದಿ ಕರಿದದ್ದು. ಘಟ್ಟದ ಮೇಲಿನವರ ಬಜ್ಜಿ ಅನ್ನಿ. ಪಕ್ಕದ ಮನೆಯ ಕೊಂಕಣಿ ಮಾಮಿಯ ಮನೆಯಲ್ಲಿ ಅದು ಫೋಡಿ: ಸುವರ್ಣಗಡ್ಡೆಯ ಹೋಳಿಗೆ ಮೆಣಸಿನಪುಡಿ, ಇಂಗು, ಉಪ್ಪು ಹಚ್ಚಿ, ರವೆಯಲ್ಲಿ ಹೊರಳಿಸಿ ಕಾವಲಿಯಲ್ಲಿ ತೆಂಗಿನೆಣ್ಣೆ ಬಿಟ್ಟು ಕಾಯಿಸಿದ್ದು. ಆದರೆ ಕೊಂಕಣಿಯಲ್ಲಿ ಫೋಡಿ ಪದದ ಅರ್ಥ ಕರಿದದ್ದು ಅಂತ ಅಲ್ಲ, ರವೆ ಅಂತಲೂ ಅಲ್ಲ. ಫೋಡಿ ಅಂದರೆ ಹೋಳು. ಮರಾಠಿಯಲ್ಲೂ ಮಾವಿನ ಹೋಳಿಗೆ ಫೋಡ್ ಅನ್ನುತ್ತಾರೆ.

ನೋಡಿ, ಎರಡು ಸಮುದ್ರಗಳಾಚೆಯ ಎರಡು ಭಾಷೆಗಳು ಒಂದನ್ನೊಂದು ಕೇಳದೆಯೇ ಒಂದೇ ಕೆಲಸ ಮಾಡಿವೆ. ಹೋಳು ಎಂಬ ಪದವನ್ನು ತೆಗೆದುಕೊಂಡು ಅದಕ್ಕೆ ಪುಡಿ ಹೊದಿಸಿ ಎಣ್ಣೆಗೆ ಬಿಟ್ಟಿವೆ. ತಿಂಡಿಯ ಹೆಸರು ಉಳಿದಿದೆ, ಹೋಳು ಒಳಗೆ ಅಡಗಿ ಕೂತಿದೆ. ನಮ್ಮ ಕಡೆಯ ಹೋಟೆಲಿನಲ್ಲಿ "ಪೋಡಿ ಬಿಸಿ ಉಂಟಾ?" ಅಂತ ಕೇಳುವವನಿಗೆ ಹೋಳಿನ ನೆನಪು ಬೇಕಿಲ್ಲ, ಬರ್ಲಿನ್‌ನಲ್ಲಿ ಶ್ನಿತ್ಸೆಲ್ ಹೇಳುವವನಿಗೂ ಬೇಕಿಲ್ಲ. ಅಡುಗೆಮನೆಯಲ್ಲಿ ಕತ್ತಿ ಹಿಡಿದವರಿಗೆ ಮಾತ್ರ ಅದು ದಿನಾ ಕಾಣುತ್ತದೆ.

ಕರಾವಳಿಗೂ ಆ ಸೀಮೆಗೂ ಹಳೆಯ ನಂಟಿದೆ ಎಂಬುದು ಆಗ ನೆನಪಾಯಿತು. 1834ರಲ್ಲಿ ಬಾಸೆಲ್ ಮಿಷನ್ನಿನವರು ಮಂಗಳೂರಿಗೆ ಬಂದಿಳಿದರು. 1843ರಲ್ಲಿ ಕನ್ನಡದ ಮೊದಲ ಪತ್ರಿಕೆ 'ಮಂಗಳೂರು ಸಮಾಚಾರ' ಹೊರತಂದ ಹೆರ್ಮನ್ ಮೋಗ್ಲಿಂಗ್ ಹುಟ್ಟಿದ್ದು ಸ್ಟುಟ್‌ಗಾರ್ಟಿಗೆ ದೂರವಲ್ಲದ ಬ್ರಾಕೆನ್‌ಹೈಮ್‌ನಲ್ಲಿ. 1894ರಲ್ಲಿ ಕನ್ನಡ ನಿಘಂಟು ಕೊಟ್ಟ ಫರ್ಡಿನಾಂಡ್ ಕಿಟ್ಟೆಲ್ ಕೊನೆಯುಸಿರೆಳೆದದ್ದು ಟ್ಯೂಬಿಂಗೆನ್‌ನಲ್ಲಿ, ನಮ್ಮ ಮನೆಯಿಂದ ರೈಲಿನಲ್ಲಿ ಒಂದು ತಾಸಿನ ಹಾದಿ. ಕಿಟ್ಟೆಲ್ ಪದಕ್ಕೆ ಅರ್ಥ ಬರೆದು ಮುಂದೆ ಹೋದವರಲ್ಲ, ಗಾದೆಗಳನ್ನು ಕೊಟ್ಟು, ಜನ ಆಡುವ ರೀತಿಯನ್ನು ಕೊಟ್ಟು, ಪದವನ್ನು ಬಳಕೆಯೊಳಗೆ ನಿಲ್ಲಿಸಿ ತೋರಿಸಿದವರು. ಟ್ಯೂಬಿಂಗೆನ್‌ನ ನದಿದಂಡೆಯಲ್ಲಿ ಕೂತು ಒಂದು ಸೇಬು ಹೋಳು ಮಾಡಿ ತಿನ್ನುವಾಗ ನಾನು ಅವರನ್ನು ಮನಸ್ಸಿನಲ್ಲೇ ನೆನೆದಿದ್ದೆ.

ಇನ್ನು ನಮ್ಮ ಕಟ್ಲೆಟ್. ಶ್ನಿತ್ಸೆಲ್ ಅಂದರೆ ಏನು ಅಂತ ಕೇಳಿದ ಬೆಂಗಳೂರಿನ ನೆಂಟರಿಗೆ ಕಟ್ಲೆಟ್ಟಿನ ಹಾಗೆ ಅಂತ ಹೇಳಿ ಆಮೇಲೆ ತಪ್ಪಾಯಿತು ಅನ್ನಿಸಿತ್ತು. ಕಟ್ಲೆಟ್ ಹುಟ್ಟಿದ್ದು ಪಕ್ಕೆಲುಬಿನಿಂದ. ಫ್ರೆಂಚಿನಲ್ಲಿ ಕೋತ್ ಅಂದರೆ ಪಕ್ಕೆ, ಕೋತ್‌ಲೆತ್ ಅಂದರೆ ಪುಟ್ಟ ಪಕ್ಕೆಲುಬಿನ ತುಂಡು. ಇಂಗ್ಲಿಷಿನವರ ಕಿವಿಗೆ ಅದರಲ್ಲಿ ತಮ್ಮ ಕಟ್ ಕೇಳಿಸಿತು, ಕಟ್ಲೆಟ್ ಆಯಿತು. ಅವರ ಜೊತೆ ನಮ್ಮಲ್ಲಿಗೆ ಬಂತು. ಇಲ್ಲಿ ಎಲುಬು ಹೋಯಿತು, ಮಾಂಸ ಹೋಯಿತು, ಕತ್ತರಿಸುವ ಕೆಲಸವೂ ಹೋಯಿತು. ಆಲೂಗಡ್ಡೆ, ಬೀಟ್‌ರೂಟ್, ಬಟಾಣಿ ಬೇಯಿಸಿ ಹಿಸುಕಿ ಉಂಡೆ ಮಾಡಿ ತಟ್ಟಿದ್ದಾಯಿತು. ಇಂಡಿಯನ್ ಕಾಫಿ ಹೌಸಿನ ತಟ್ಟೆಯಲ್ಲಿ, ರೈಲಿನ ಬೆಳಗಿನ ತಿಂಡಿಯ ಪೊಟ್ಟಣದಲ್ಲಿ ಕೂತ ಕಟ್ಲೆಟ್ಟಿನಲ್ಲಿ ಹಳೆಯದು ಅಂತ ಉಳಿದಿರುವುದು ಆ ರಸ್ಕ್ ಪುಡಿಯ ಹೊದಿಕೆ ಒಂದೇ. ಜಪಾನಿನಲ್ಲಿ ಇದೇ ಪದ ಕತ್ಸುರೆತ್ಸು ಆಗಿ, ಕುಗ್ಗಿ ಕತ್ಸು ಆಯಿತು. ಅಲ್ಲಿ ಕತ್ಸು ಅಂದರೆ ಗೆಲ್ಲು ಅಂತಲೂ ಅರ್ಥ, ಆದ್ದರಿಂದ ಮಕ್ಕಳು ಪರೀಕ್ಷೆಯ ಹಿಂದಿನ ದಿನ ಅದನ್ನು ತಿನ್ನುತ್ತಾರೆ. ಚೆಕ್ ಜನ ಮಾತ್ರ ಶ್ನಿತ್ಸೆಲ್ ಪದವನ್ನು ಎರವಲು ತರಲಿಲ್ಲ. ತಮ್ಮ ಭಾಷೆಯ ಕತ್ತರಿಸು ಎಂಬ ಧಾತುವಿನಿಂದಲೇ ರ್ಝೀಜೆಕ್ ಅಂತ ಕಟ್ಟಿಕೊಂಡರು. ನನಗೆ ಅವರ ಮೇಲೆ ವಿಶೇಷ ಗೌರವ.

ಅಜ್ಜಿಯ ಊರು ನೋಡಬೇಕು ಅಂತ ಒಂದು ಬೇಸಿಗೆಯಲ್ಲಿ ವಿಯೆನ್ನಾಕ್ಕೆ ಹೋದೆವು. ಮಾಂಸ ತಿನ್ನದವರು ಹೋಟೆಲಿನ ಮೆನುವನ್ನು ಎಲ್ಲರಿಗಿಂತ ಗಮನವಿಟ್ಟು ಓದುತ್ತಾರೆ. ಅಲ್ಲಿ ಪದಗಳನ್ನು ಕಾಯುವ ಕಾಳಜಿ ಕಣ್ಣಿಗೆ ಬಿತ್ತು. ಬರೀ ವೀನರ್ ಶ್ನಿತ್ಸೆಲ್, ಅಂದರೆ ವಿಯೆನ್ನಾದ ಶ್ನಿತ್ಸೆಲ್, ಅಂತ ಬರೆದರೆ ಅದು ಎಳೆಗರುವಿನ ಮಾಂಸವೇ ಆಗಿರಬೇಕು. ಆಸ್ಟ್ರಿಯಾದ ಆಹಾರ ಸಂಹಿತೆಯಲ್ಲಿ ಹಾಗೆ ಇದೆ. ಹಂದಿಯದ್ದಾದರೆ ಹಂದಿಯದ್ದು ಅಂತ ಜೊತೆಗೆ ಬರೆಯಬೇಕು. ಜರ್ಮನಿಯಲ್ಲಾದರೆ ವಿಯೆನ್ನಾ ಶೈಲಿಯ ಶ್ನಿತ್ಸೆಲ್ ಅಂತ ಬರೆಯುತ್ತಾರೆ. 1905ರಿಂದ ಇರುವ ಫಿಗ್ಲ್‌ಮ್ಯುಲರ್ ಎಂಬ ಹೆಸರಾಂತ ಹೋಟೆಲಿನಲ್ಲಿ ತಟ್ಟೆಯ ಅಂಚು ದಾಟುವ ದೊಡ್ಡ ಶ್ನಿತ್ಸೆಲ್ ಹಂದಿಯದ್ದು. ಅದನ್ನು ಅವರು ವೀನರ್ ಅನ್ನುವುದಿಲ್ಲ, ತಮ್ಮದೇ ಹೆಸರು ಇಟ್ಟು ಮಾರುತ್ತಾರೆ. ಇದು ನನಗೆ ಬಹಳ ಹಿಡಿಸಿತು.

ಅಲ್ಲಿ ಎಲ್ಲರೂ ಹೇಳುವ ಕಥೆಯೊಂದಿದೆ. ಮಿಲಾನ್‌ನಲ್ಲಿ ಆಸ್ಟ್ರಿಯಾದ ಸೇನಾಪತಿಯಾಗಿದ್ದ ರಾಡೆಟ್ಸ್‌ಕಿ ಅಲ್ಲಿನ ಕೊತೊಲೆತ್ತಾ ಎಂಬ ಪುಡಿ ಹೊದಿಸಿ ಕರಿದ ಮಾಂಸ ತಿಂದು ಮೆಚ್ಚಿ, 1857ರಲ್ಲಿ ಅದರ ಗುಟ್ಟನ್ನು ವಿಯೆನ್ನಾಕ್ಕೆ ತಂದನಂತೆ. ಹೈನ್ಸ್ ಡೀಟರ್ ಪೋಲ್ ಎಂಬ ಭಾಷಾವಿಜ್ಞಾನಿ 2007ರಲ್ಲಿ ಇದರ ಬೆನ್ನು ಹತ್ತಿ, ಕಥೆಯ ಮೂಲ 1969ರ ಒಂದು ಇಟಾಲಿಯನ್ ಆಹಾರ ಕೈಪಿಡಿ, ಅದಕ್ಕಿಂತ ಹಿಂದೆ ಇದರ ಸುಳಿವಿಲ್ಲ ಎಂದು ತೋರಿಸಿದರು. ಅಡುಗೆಯನ್ನು ನೋಡಿದರೂ ಗೊತ್ತಾಗುತ್ತದೆ. ಮಿಲಾನ್‌ನದ್ದು ಎಲುಬು ಸಮೇತ ದಪ್ಪಗೆ, ಅದು ಪಕ್ಕೆಲುಬಿನ ಪದ. ವಿಯೆನ್ನಾದ್ದು ಎಲುಬಿಲ್ಲದೆ ತೆಳ್ಳಗೆ, ಇದು ಹೋಳಿನ ಪದ. ಸೇನಾಪತಿ ಬೇಕೇ ಇರಲಿಲ್ಲ. ಪುಡಿ ಹೊದಿಸಿ ಕರಿದ ಕೋಳಿ ವಿಯೆನ್ನಾದಲ್ಲಿ 18ನೇ ಶತಮಾನದಿಂದಲೇ ಇತ್ತು. ಮನೆಮನೆಯ ಹೆಂಗಸರು ಕಂಡುಕೊಂಡದ್ದನ್ನು ಯಾವನೋ ದಂಡನಾಯಕನ ಚೀಲದಲ್ಲಿ ತುಂಬಿ ಕಳಿಸುವ ಚಾಳಿ ಎಲ್ಲ ಊರಿನಲ್ಲೂ ಇದೆ, ನನಗೆ ಅದು ಸರಿಬರುವುದಿಲ್ಲ.

ಇತ್ತೀಚೆಗೆ ಯುರೋಪಿನಲ್ಲಿ ಈ ಪದದ ಮೇಲೆ ಇನ್ನೊಂದು ಜಗಳ ನಡೆಯಿತು. ಸೋಯಾ, ಬಟಾಣಿಯಿಂದ ಮಾಡಿದ್ದನ್ನು ಶ್ನಿತ್ಸೆಲ್, ಬರ್ಗರ್ ಅಂತ ಕರೆಯಬಾರದು ಎಂಬ ಬೇಡಿಕೆಯನ್ನು ಯುರೋಪಿಯನ್ ಪಾರ್ಲಿಮೆಂಟ್ 2020ರಲ್ಲಿ ತಳ್ಳಿಹಾಕಿತ್ತು. 2025ರ ಅಕ್ಟೋಬರ್‌ನಲ್ಲಿ 355 ಮತ ಪರ, 247 ಮತ ವಿರುದ್ಧ ಬಂದು ಕರೆಯಬಾರದು ಎಂಬ ಪಕ್ಷ ಗೆದ್ದಿತು. ಅಷ್ಟಕ್ಕೇ ಕಾನೂನಾಗಲಿಲ್ಲ, ಸದಸ್ಯ ದೇಶಗಳ ಜೊತೆ ಮಾತುಕತೆ ಆಗಬೇಕಿತ್ತು. ಆದರೂ ಸುದ್ದಿ ಓದಿ ಬೇಸರವಾಯಿತು. ತಿನ್ನುವವರಿಗೆ ತಾವು ತಿನ್ನುವುದೇನು ಅಂತ ತಿಳಿಯಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಪೊಟ್ಟಣದ ಮೇಲೆ ಹಸಿರು ಚುಕ್ಕೆ ಹುಡುಕಿ ಬೆಳೆದವಳು ನಾನು. ವೀನರ್ ಎಂಬ ವಿಶೇಷಣಕ್ಕೆ ಕಾವಲಿರಲಿ. ಶ್ನಿತ್ಸೆಲ್‌ಗೆ ಬೇಡ. ಕಾಗದದ ಚೂರು, ಮರದ ಚಕ್ಕೆ, ಬೀಟಿನ ಎಳೆ ಎಲ್ಲವೂ ಶ್ನಿತ್ಸೆಲ್ ಆಗಿ ಇರಬಹುದಾದರೆ ಅಜ್ಜಿಯ ಸೆಲರಿ ಗೆಡ್ಡೆಯ ಹೋಳು ಯಾಕೆ ಆಗಬಾರದು? ಪದ ಮಾಂಸದ ಮನೆಯಲ್ಲಿ ಬಹಳ ಕಾಲ ಇದ್ದದ್ದು ನಿಜ, ಹುಟ್ಟಿದ್ದು ಮಾತ್ರ ಕತ್ತಿಯ ಅಲಗಿನಲ್ಲಿ.

ಸ್ಟುಟ್‌ಗಾರ್ಟ್ ಬಿಟ್ಟು ಬಂದು ನಾಲ್ಕು ವರ್ಷ ಆಯಿತು. ಕಳೆದ ಮಳೆಗಾಲ ಅಮ್ಮನ ಮನೆಗೆ ಹೋದಾಗ ಹಿತ್ತಲಿನ ಜೀಗುಜ್ಜೆ ಕಾಯಿ ಬಿಟ್ಟಿತ್ತು. ಅಮ್ಮ ಮೆಟ್ಟುಗತ್ತಿಗೆ ಎಣ್ಣೆ ಸವರಿ ಹೋಳು ಮಾಡಿದರು, ನಾನು ಮಸಾಲೆ ಹಚ್ಚಿ ರವೆಯ ತಟ್ಟೆಯಲ್ಲಿ ಹೊರಳಿಸತೊಡಗಿದೆ. ಕೈ ತಾನಾಗಿಯೇ ಹಗುರಾಗಿತ್ತು. ಅಮ್ಮ ಕಾವಲಿಯ ಹತ್ತಿರದಿಂದಲೇ ನೋಡಿದರು.

"ಎಂಥ ಹಾಗೆ ಸವರುವುದು? ಒತ್ತು ಮಗಾ. ಇಲ್ಲದಿದ್ರೆ ರವೆ ಎಲ್ಲ ಎಣ್ಣೆಗೆ ಬೀಳ್ತದೆ."

ನಾನು ಅಂಗೈ ಊರಿ ಒತ್ತಿದೆ.